ಉತಾರದಲ್ಲಿ ಇಲ್ಲದ ಮೂವರು: ಘಟಪ್ರಭಾ ದಂಡೆಯ ಒಂದು ವಾಟ್ನಿ ದಾವೆ

ಹಿನ್ನೆಲೆ

ಬಾಗಲಕೋಟೆ ಜಿಲ್ಲೆಯಲ್ಲಿ ಘಟಪ್ರಭಾ ದಂಡೆಯ ಒಂದು ಊರು. ಗುರುತು ಹತ್ತದಿರಲೆಂದು ಊರಿನ ಹೆಸರು, ಸರ್ವೆ ನಂಬರು, ದಾವೆ ನಂಬರು ಬಿಟ್ಟಿದೆ. ಮನೆಯವರು ಇಲ್ಲಿ ಅಣ್ಣ, ತಮ್ಮ, ಅಕ್ಕ, ತಂಗಿ, ತಾಯಿ ಅಷ್ಟೇ.

ಆಸ್ತಿ ಮೂರು. ಅಜ್ಜನಿಂದ ಬಂದ 10 ಎಕರೆ ನೀರಾವರಿ ಹೊಲ: ಹೊಳಿಯಿಂದ ಪೈಪ್‌ಲೈನು, ವರ್ಷವಿಡೀ ಕಬ್ಬು. ತಂದೆ 1988ರಲ್ಲಿ ತನ್ನ ಹೆಸರಿಗೆ ಖರೀದಿ ಹಿಡಿದ 5 ಎಕರೆ 20 ಗುಂಟೆ ಮಡ್ಡಿ (ನೀರಾವರಿಯಿಲ್ಲದ) ಹೊಲ. ಊರೊಳಗೆ ಒಂದು ಮನೆ.

2007ರಲ್ಲಿ ತಂದೆ ಮತ್ತು ಇಬ್ಬರು ಗಂಡುಮಕ್ಕಳು ತಲಾಟಿಯ (ಗ್ರಾಮ ಲೆಕ್ಕಿಗರ) ಮುಂದೆ ವಾಟ್ನಿ (ಪಾಲು ಹಂಚಿಕೆ) ವರ್ದಿ ಕೊಟ್ಟರು. ನೀರಾವರಿ ಐದೈದು ಎಕರೆ, ಮಡ್ಡಿ ಎರಡು ಎಕರೆ ಮೂವತ್ತು ಗುಂಟೆಯಂತೆ. ರಿಜಿಸ್ಟರ್ ಆಗಲಿಲ್ಲ. ಫೇರಫಾರು (ಖಾತೆ ಬದಲಾವಣೆ) ಮಂಜೂರಾಗಿ ಉತಾರದ (ಪಹಣಿಯ) 9ನೇ ಕಾಲಮ್ಮಿನಲ್ಲಿ, ಅಂದರೆ ಮಾಲೀಕರ ಕಾಲಮ್ಮಿನಲ್ಲಿ, ಇಬ್ಬರ ಹೆಸರೂ ಬಂತು. ಆಗಲೇ ಮದುವೆಯಾಗಿ ಹೋಗಿದ್ದ ಹೆಣ್ಣುಮಕ್ಕಳ ಹೆಸರು ಎಲ್ಲೂ ಇಲ್ಲ, ತಾಯಿಯ ಹೆಸರೂ ಇಲ್ಲ. 2012ರಲ್ಲಿ ತಂದೆ ತೀರಿಕೊಂಡರು. ಮಣ್ಣು ಮುಗಿಸಿದ ಕೆಲವೇ ದಿನಕ್ಕೆ ಅಕ್ಕ-ತಂಗಿಯರಿಗೆ ಸೀರಿ-ಕುಬಸ ಕೊಟ್ಟು, ನೂರು ರೂಪಾಯಿ ಬಾಂಡಿನ ಮೇಲೆ ಹಕ್ಕಸೋಡ (ಹಕ್ಕು ಬಿಟ್ಟ ಪತ್ರ) ಬರೆಸಿಕೊಂಡು ನೋಟರಿ ಮಾಡಿಸಿಟ್ಟರು.

ಸಮಸ್ಯೆ ಎದ್ದದ್ದು

2019ರಲ್ಲಿ ಅಣ್ಣ ತನ್ನ ಐದು ಎಕರೆಯಲ್ಲಿ 2 ಎಕರೆಯನ್ನು ಹೊರಗಿನವರೊಬ್ಬರಿಗೆ ಖರೀದಿ ಕೊಟ್ಟ. 11ಇ ನಕ್ಷೆ (ಮಾರುವ ತುಂಡಿನ ಅಳತೆ ನಕ್ಷೆ), ಸಬ್ ರಿಜಿಸ್ಟ್ರಾರ್ ಕಚೇರಿ, ಹಣ, ಎಲ್ಲವೂ ಸರಿಯಾಗಿಯೇ ನಡೆಯಿತು. ಖರೀದಿದಾರ ನೋಡಿದ್ದು ಉತಾರ, ಋಣಭಾರ ಪತ್ರ ಮತ್ತು ಪ್ರಮಾಣಪತ್ರದ ಮೇಲೆ ತಯಾರಾದ ವಂಶಾವಳಿ. ಆ ವಂಶಾವಳಿಯಲ್ಲಿ ಇಬ್ಬರು ಗಂಡುಮಕ್ಕಳಷ್ಟೇ ಇದ್ದರು. 2007ರ ಫೇರಫಾರಿನ ನಕಲು ತೆಗೆಸಿದ್ದರೆ, ಅದು ರಿಜಿಸ್ಟರ್ ದಸ್ತಿನ (ಪತ್ರದ) ಮೇಲಲ್ಲ, ಬರೀ ವರ್ದಿಯ ಮೇಲೆ ಆದದ್ದೆಂದು ಒಂದೇ ಸಾಲಿನಲ್ಲಿ ಗೊತ್ತಾಗುತ್ತಿತ್ತು. ಜಮೀನು ಕೊಳ್ಳುವವರು ಉತಾರ ಓದುತ್ತಾರೆ. ಅದರ 10ನೇ ಕಾಲಮ್ಮಿನ ಎಂ.ಆರ್. (ಫೇರಫಾರಿನ) ನಂಬರಿನ ಬೆನ್ನು ಹತ್ತಿ ಹೋಗುವವರು ಕಡಿಮೆ.

ಖರೀದಿದಾರ ಹೊಲದ ಈಶಾನ್ಯ ಮೂಲೆಯಲ್ಲಿ ಕಲ್ಲು ಹುಗಿಸಿದ ಮೇಲೆ ಸುದ್ದಿ ಅಕ್ಕ-ತಂಗಿಯರ ಕಿವಿಗೆ ಬಿತ್ತು. ಅಲ್ಲಿಯವರೆಗೆ ಸುಗ್ಗಿಗೊಮ್ಮೆ ಎರಡು ಚೀಲ ಜೋಳ, ಒಂದೆರಡು ಬೆಲ್ಲದ ಪೆಂಟಿ ತವರಿನಿಂದ ಬರುತ್ತಿದ್ದವು. ಹೊಲ ಇನ್ನೂ ಎಲ್ಲರದು ಎಂದೇ ಅವರು ತಿಳಿದಿದ್ದರು.

ಮೊದಲು ತಟ್ಟಿದ ಬಾಗಿಲುಗಳು

ಊರ ಹಿರಿಯರು ಕೂಡಿದರು. ಅಕ್ಕ-ತಂಗಿಯರಿಗೆ ತಲಾ ಐದು ಲಕ್ಷ ಕೊಟ್ಟು ಕೈತೊಳೆದುಕೊಳ್ಳಿ ಎಂದು ಅಣ್ಣ-ತಮ್ಮಂದಿರಿಗೆ ಹೇಳಿದರು, ಒಂದು ಹಾಳೆಯ ಮೇಲೆ ಬರೆದೂ ಕೊಟ್ಟರು. ಹಣ ಬರಲಿಲ್ಲ. ರಿಜಿಸ್ಟರ್ ಆಗದ ಆ ಹಾಳೆಯನ್ನು ಮುಂದಿಟ್ಟು ಹೊಲದ ಮೇಲೆ ಹಕ್ಕು ಕೇಳುವಂತಿರಲಿಲ್ಲ.

ಆಮೇಲೆ ಯಾರೋ ಹೇಳಿದಂತೆ ಅಕ್ಕ-ತಂಗಿಯರು ಉಪವಿಭಾಗಾಧಿಕಾರಿಗಳ ಮುಂದೆ ಕರ್ನಾಟಕ ಭೂಕಂದಾಯ ಕಾಯ್ದೆ 1964ರ ಕಲಂ 136(2)ರಡಿ ಮೇಲ್ಮನವಿ ಹಾಕಿದರು: 2007ರ ಫೇರಫಾರು ರದ್ದಾಗಬೇಕು, ವಿಳಂಬ ಮನ್ನಾ ಆಗಬೇಕು. ಒಂದು ವರ್ಷದ ಮೇಲೆ ಹತ್ತಿದ ಈ ದಾರಿಯ ಕೊನೆಗೆ ಸಿಕ್ಕ ಆದೇಶ ಚಿಕ್ಕದು. ವಾರಸಾ ಹಕ್ಕಿನ ಪ್ರಶ್ನೆ ಇದೆ, ಸಿವಿಲ್ ಕೋರ್ಟಿಗೆ ಹೋಗಿ.

ಇದು ಮೊದಲೇ ಊಹಿಸಬಹುದಾಗಿದ್ದ ಫಲ. ಕಂದಾಯ ಅಧಿಕಾರಿ ಹೆಸರು ಹಚ್ಚಬಹುದು, ತೆಗೆಯಬಹುದು. ಹಕ್ಕು ಯಾರದೆಂದು ತೀರ್ಮಾನಿಸುವ ಕೆಲಸ ಅವರದಲ್ಲ. ಕಲಂ 133ರ ಪ್ರಕಾರ ಉತಾರದ ನಮೂದು ಸುಳ್ಳೆಂದು ಸಾಬೀತಾಗುವವರೆಗೆ ಮಾತ್ರ ನಿಜ. ಹೊಸ ಫೇರಫಾರು ಇನ್ನೂ ಮಂಜೂರಾಗದೆ ಇದ್ದಾಗ ತಹಶೀಲ್ದಾರರಲ್ಲಿ ತಕರಾರು ಹಾಕಬೇಕು, ಅದರಿಂದ ಲಾಭವಿದೆ. ಹನ್ನೆರಡು ವರ್ಷ ಹಳೆಯ ನಮೂದಿನ ಮೇಲೆ ಮೇಲ್ಮನವಿ ಹಾಕಿ ಕೂತರೆ ಎದುರಿನವರಿಗೆ ಸಮಯ ಕೊಟ್ಟ ಹಾಗೆ. ಈ ಜಿಲ್ಲೆಯಲ್ಲಿ ಆ ಸಮಯಕ್ಕೆ ಬೆಲೆ ಹೆಚ್ಚು. ಆಲಮಟ್ಟಿ ಜಲಾಶಯದ ಮಟ್ಟ 519.60 ಮೀಟರಿನಿಂದ 524.256 ಮೀಟರಿಗೆ ಏರುವುದೆಂಬ ಲೆಕ್ಕದಲ್ಲಿ ಹಿನ್ನೀರಿನ ಹಳ್ಳಿಗಳಲ್ಲಿ ಭೂಸ್ವಾಧೀನ ನಡೆದಿದೆ, ಮತ್ತು ಪರಿಹಾರದ ನೋಟಿಸು ಮೊದಲು ಹೋಗುವುದು 9ನೇ ಕಾಲಮ್ಮಿನಲ್ಲಿ ಹೆಸರಿದ್ದವರಿಗೇ. ಹಣ ಒಮ್ಮೆ ಖಾತೆಗೆ ಬಿದ್ದು ಖರ್ಚಾದರೆ ಕೋರ್ಟಿನಲ್ಲಿ ಗೆದ್ದರೂ ವಸೂಲಿ ಬೇರೆ ಗೋಳು. ಈ ಹೊಲಕ್ಕೆ ಆ ಭಯವಿರಲಿಲ್ಲ, ಅಷ್ಟೇ.

ದಾವೆ, ಮತ್ತು ದಾವೆಯಲ್ಲಾದ ತಪ್ಪುಗಳು

2021ರಲ್ಲಿ ತಾಲ್ಲೂಕಿನ ಹಿರಿಯ ಸಿವಿಲ್ ನ್ಯಾಯಾಲಯದಲ್ಲಿ ಅಕ್ಕ-ತಂಗಿಯರು ಪಾಲಿನ ದಾವೆ ಹೂಡಿದರು. ಅಣ್ಣ, ತಮ್ಮ, ತಾಯಿ ಪ್ರತಿವಾದಿಗಳು.

ಮೊದಲ ಅರ್ಜಿಯಲ್ಲಿ ಎರಡು ಕೊರತೆ ಇದ್ದವು. ಊರೊಳಗಿನ ಮನೆ ಷೆಡ್ಯೂಲಿನಲ್ಲಿ ಇರಲಿಲ್ಲ, ಖರೀದಿದಾರ ಪಕ್ಷಗಾರನಾಗಿರಲಿಲ್ಲ. ಕುಟುಂಬದ ಎಲ್ಲ ಆಸ್ತಿಯನ್ನೂ ತರದೆ ಅರ್ಧ ವಾಟ್ನಿ ಕೇಳಿದರೆ ದಾವೆಯೇ ಬೀಳಬಹುದು. ಖರೀದಿದಾರನನ್ನು ಬಿಟ್ಟು ಪಡೆದ ಡಿಕ್ರಿ ಅವನಿಗೆ ಹತ್ತುವುದಿಲ್ಲ. ಸಾಕ್ಷಿ ಶುರುವಾಗುವ ಮುಂಚೆಯೇ ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 6 ನಿಯಮ 17ರಡಿ ತಿದ್ದುಪಡಿ ಕೇಳಿದ್ದರಿಂದ ಬಚಾವಾಯಿತು. ಸಾಕ್ಷಿ ಶುರುವಾದ ಮೇಲೆ ಕೇಳಿದರೆ, ಕಾಳಜಿ ವಹಿಸಿದ್ದರೂ ಮೊದಲೇ ಯಾಕೆ ತರಲಾಗಲಿಲ್ಲ ಎಂದು ಕೋರ್ಟಿಗೆ ಒಪ್ಪಿಸಬೇಕಾಗುತ್ತದೆ. ತಮ್ಮನ ಹೆಸರಿನ ಹೊಲದ ಮೇಲೆ ಸೊಸೈಟಿ ಸಾಲದ ಭೋಜಾ (ಹೊರೆ) ಇತ್ತು, ಸೊಸೈಟಿಯನ್ನೂ ಆಗಲೇ ಸೇರಿಸಿದರು.

ಕೋರ್ಟ್ ಶುಲ್ಕದ ಮೇಲೂ ಜಗಳವಾಯಿತು. ಜಂಟಿ ಕಬ್ಜಾ (ಸ್ವಾಧೀನ) ಇದೆ ಎಂದು ಕರ್ನಾಟಕ ಕೋರ್ಟ್ ಶುಲ್ಕ ಕಾಯ್ದೆ 1958ರ ಕಲಂ 35(2)ರಂತೆ 200 ರೂಪಾಯಿ ಕಟ್ಟಿದ್ದರು. ನೀವು ಹೊರಗಿದ್ದೀರಿ, ಪಾಲಿನ ಬೆಲೆಯ ಮೇಲೆ ಕಟ್ಟಿ ಎಂದರು ಎದುರಿನವರು. ಇಲ್ಲಿ ಜೋಳದ ಚೀಲ, ಬೆಲ್ಲದ ಪೆಂಟಿ ಕೆಲಸಕ್ಕೆ ಬಂದವು: ದಾವಾ ಅರ್ಜಿಯಲ್ಲೇ ಅವನ್ನು ಬರೆದಿದ್ದರು. ಒಬ್ಬ ಪಾಲುದಾರನ ಕಬ್ಜಾ ಎಲ್ಲರ ಪರವಾದ ಕಬ್ಜಾ ಎಂಬುದು ನಿಯಮ. ಸಿಟ್ಟಿನಲ್ಲಿ ‘ನಮ್ಮನ್ನು ಪೂರ್ತಿ ಹೊರಗೆ ಹಾಕಿದ್ದಾರೆ’ ಎಂದು ಬರೆದಿದ್ದರೆ ಶುಲ್ಕವೂ ಏರುತ್ತಿತ್ತು, ಮಿತಿ ಕಾಯ್ದೆಯ ತಕರಾರಿಗೂ ಬಾಗಿಲು ತೆರೆಯುತ್ತಿತ್ತು.

ಇನ್ನೊಂದು ತಪ್ಪಿಗೆ ಬೆಲೆ ತೆರಬೇಕಾಯಿತು. ಆಸ್ತಿ ಪರಭಾರೆ (ಬೇರೆಯವರಿಗೆ ವರ್ಗಾವಣೆ) ಮಾಡದಂತೆ ತಡೆಯಾಜ್ಞೆ ಸಿಕ್ಕಿತು. ಆದರೆ ಅದರ ದೃಢೀಕೃತ ನಕಲು ಭೂಮಿ ಕೇಂದ್ರಕ್ಕೆ (ಉತಾರದ ದಾಖಲೆ ನೋಡುವ ಕಚೇರಿಗೆ) ತಲುಪಿ ಉತಾರದ 11ನೇ (ಇತರ ಹಕ್ಕು, ಋಣಗಳ) ಕಾಲಮ್ಮಿನಲ್ಲಿ ನಮೂದಾಗಲು ಮೂರು ವಾರ ಮಿಕ್ಕಿ ಹೋಯಿತು. ಆ ನಡುವೆ ತಮ್ಮ ಒಂದು ಎಕರೆಯನ್ನು ಮಗನ ಹೆಸರಿಗೆ ದಾನಪತ್ರ ಮಾಡಿದ. ಸ್ವತ್ತು ವರ್ಗಾವಣೆ ಕಾಯ್ದೆಯ ಕಲಂ 52ರಂತೆ ದಾವೆ ನಡೆದಿರುವಾಗ ಆದ ಪರಭಾರೆ ದಾವೆಯ ಫಲಕ್ಕೇ ಒಳಪಟ್ಟದ್ದು, ನಿಜ. ಆದರೂ ಪಕ್ಷಗಾರನೊಬ್ಬ ಹೆಚ್ಚಾದ, ನೋಟಿಸು ಹೆಚ್ಚಾದವು. ತಡೆಯಾಜ್ಞೆ ಸಿಕ್ಕ ದಿನವೇ ನಕಲಿಗೆ ಅರ್ಜಿ, ನಕಲು ಸಿಕ್ಕ ದಿನವೇ ತಹಶೀಲ್ದಾರ್ ಕಚೇರಿಯಲ್ಲಿ ಸ್ವೀಕೃತಿ: ಇದನ್ನು ವಕೀಲರ ಗುಮಾಸ್ತರ ಮೇಲೆ ಬಿಡದೆ ಪಕ್ಷಗಾರರೇ ಬೆನ್ನು ಹತ್ತಬೇಕು.

2003 ಮತ್ತು 2007

ಅಣ್ಣ-ತಮ್ಮಂದಿರ ಮುಖ್ಯ ಬಚಾವು ಇದು: ವಾಟ್ನಿ ಆದದ್ದು 2007ರಲ್ಲಲ್ಲ, 2003ರಲ್ಲೇ ಬಾಯಿಮಾತಿನಲ್ಲಿ ಆಗಿತ್ತು, ವರ್ದಿ ಅದನ್ನು ಕಾಗದಕ್ಕೆ ಇಳಿಸಿದ್ದಷ್ಟೇ.

2003 ಯಾಕೆ ಬೇಕಾಯಿತು ಎಂದರೆ, ಹಿಂದೂ ಉತ್ತರಾಧಿಕಾರ ಕಾಯ್ದೆಗೆ 2005ರಲ್ಲಿ ಆದ ತಿದ್ದುಪಡಿ ಮಗಳನ್ನು ಮಗನಂತೆಯೇ ಹುಟ್ಟಿನಿಂದ ಪಾಲುದಾರಳನ್ನಾಗಿ ಮಾಡಿತು. 20 ಡಿಸೆಂಬರ್ 2004ಕ್ಕೆ ಮುಂಚೆ ಆದ ವಾಟ್ನಿ, ಪರಭಾರೆಗಳನ್ನು ಮಾತ್ರ ಮುಟ್ಟಲಿಲ್ಲ. 2007ರ ವರ್ದಿ ಆ ಗೆರೆಯ ಈಚೆಗಿದೆ. ಗೆರೆ ದಾಟಿ ಆಚೆ ಹೋಗಲು 2003ರ ಬಾಯಿಮಾತಿನ ವಾಟ್ನಿ ಬೇಕು. ಈ ಭಾಗದ ಪಾಲಿನ ದಾವೆಗಳಲ್ಲಿ ಇದು ಪದೇಪದೇ ಕಾಣುವ ಬಚಾವು.

ಅದಕ್ಕೆ ಕಾನೂನಿನ ಅಡ್ಡಿ ಮೊದಲೇ ಬಂದಿತ್ತು. ವಿನೀತಾ ಶರ್ಮಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 11 ಆಗಸ್ಟ್ 2020ರಂದು ಹೇಳಿದ್ದು: ಬಾಯಿಮಾತಿನ ವಾಟ್ನಿಯನ್ನು ಸಾಮಾನ್ಯವಾಗಿ ಒಪ್ಪಬಾರದು; ಸಾರ್ವಜನಿಕ ದಾಖಲೆಗಳ ಗಟ್ಟಿ ಬೆಂಬಲವಿದ್ದ ಅಪರೂಪದ ಸಂದರ್ಭದಲ್ಲಿ ಮಾತ್ರ ಒಪ್ಪಬಹುದು. ಅದಕ್ಕೂ ಹಿಂದೆ, ಬೆಳಗಾವಿಯ ಕೋರ್ಟಿನಿಂದ ಹೋದ ಫೂಲವತಿ ಪ್ರಕರಣದಲ್ಲಿ (2015) ತಂದೆ 9 ಸೆಪ್ಟೆಂಬರ್ 2005ರಂದು ಬದುಕಿರಬೇಕು ಎಂದಿತ್ತು, ಅದನ್ನು ವಿನೀತಾ ಶರ್ಮಾ ತೀರ್ಪು ತೆಗೆದುಹಾಕಿತು. ಇಲ್ಲಿ ತಂದೆ 2012ರವರೆಗೆ ಇದ್ದದ್ದರಿಂದ ಆ ಗೊಂದಲ ಹೇಗೂ ತಗಲುತ್ತಿರಲಿಲ್ಲ.

ಉಳಿದದ್ದು ಸಂಗತಿ: 2003ರಲ್ಲಿ ವಾಟ್ನಿ ಆಗಿತ್ತೇ? ಇದನ್ನು ಮೂರು ಕಾಗದ ತೀರ್ಮಾನಿಸಿದವು. ಒಂದು, ವರ್ದಿಯೇ. ಅದರಲ್ಲಿ ‘ಈ ದಿವಸ ನಮ್ಮ ನಮ್ಮೊಳಗೆ ಖುಷಿಯಿಂದ ವಾಟ್ನಿ ಮಾಡಿಕೊಂಡಿದ್ದು’ ಎಂದಿತ್ತು, ಹಿಂದೆ ಆದ ವಾಟ್ನಿಯ ಸೊಲ್ಲೇ ಇರಲಿಲ್ಲ. ಎರಡು, ಸಕ್ಕರೆ ಕಾರ್ಖಾನೆಯ ಕಬ್ಬಿನ ಬಿಲ್ಲು. 2006-07ರ ಹಂಗಾಮಿನವರೆಗೂ ಪೂರ್ತಿ ಹತ್ತು ಎಕರೆಯ ಕಬ್ಬು ತಂದೆಯೊಬ್ಬನ ಹೆಸರಿಗೇ ಹೋಗಿತ್ತು. ಮೂರು, ಆ ವರ್ದಿಯ ನೋಟಿಸು ಬಟವಾಡೆಯ ಹಾಳೆ. ಹೆಣ್ಣುಮಕ್ಕಳ ಹೆಸರಿನ ಮುಂದೆ ಸಹಿಯಿಲ್ಲ, ಹೆಬ್ಬೆಟ್ಟಿಲ್ಲ, ಅಸಲಿಗೆ ಅವರ ಹೆಸರೇ ಇಲ್ಲ. ಮೂರನೆಯದು ಇನ್ನೊಂದಕ್ಕೂ ಉಪಯೋಗವಾಯಿತು. 2007ರಿಂದ ಹನ್ನೆರಡು ವರ್ಷ ಮುಗಿದಿದೆ, ದಾವೆ ಮಿತಿ ಮೀರಿದೆ ಎಂಬ ವಾದಕ್ಕೆ ಅದೇ ಉತ್ತರ. ಮಿತಿ ಕಾಯ್ದೆಯ ಅನುಚ್ಛೇದ 110ರಲ್ಲಿ ಹನ್ನೆರಡು ವರ್ಷ ಎಣಿಸುವುದು ಹೊರಗಿಟ್ಟದ್ದು ಗೊತ್ತಾದ ದಿನದಿಂದ.

ಹಕ್ಕಸೋಡ ಪತ್ರದ ಕಥೆ ಬೇರೆ. ಅದಕ್ಕೆ ಮುದ್ರಾಂಕ ಸಾಲದೆಂದು ಕೋರ್ಟ್ ತಡೆಹಿಡಿದಾಗ, ಅಣ್ಣ-ತಮ್ಮಂದಿರು ಕೊರತೆ ಶುಲ್ಕವನ್ನೂ ಅದರ ಹತ್ತು ಪಟ್ಟು ದಂಡವನ್ನೂ ಕಟ್ಟಿ ನಿಶ್ಚಿಂತರಾದರು. ದಂಡ ಕಟ್ಟಿದರೆ ಮುದ್ರಾಂಕದ ದೋಷ ಹೋಗುತ್ತದೆ, ನೋಂದಣಿಯ ದೋಷ ಹೋಗುವುದಿಲ್ಲ. ನೋಂದಣಿ ಕಾಯ್ದೆಯ ಕಲಂ 17ರಂತೆ ಸ್ಥಿರಾಸ್ತಿಯ ಹಕ್ಕು ಬಿಡುವ ಪತ್ರ ರಿಜಿಸ್ಟರ್ ಆಗಲೇಬೇಕು. ನೋಟರಿಯ ಕೆಂಪು ಸೀಲು ಅದರ ಜಾಗ ತುಂಬುವುದಿಲ್ಲ. ಹಣ ಹೋಯಿತು, ಪತ್ರವೂ ಹೋಯಿತು.

ತಾಯಿಯ ಪಾಲು

ಪ್ರಕರಣ ತಿರುಗಿದ್ದು ಇಲ್ಲಿ. ತಾಯಿಯ ಕೈಫಿಯತ್ತನ್ನೂ (ಕೋರ್ಟಿಗೆ ಕೊಡುವ ಲಿಖಿತ ಉತ್ತರ) ಗಂಡುಮಕ್ಕಳ ವಕೀಲರೇ ಬರೆದಿದ್ದರು, ಕೆಳಗೆ ಆಕೆಯ ಹೆಬ್ಬೆಟ್ಟು. ‘ವಾಟ್ನಿಗೆ ನನ್ನ ಒಪ್ಪಿಗೆ ಇತ್ತು’ ಎಂದಿತ್ತು. ಪಾಲಿನ ಲೆಕ್ಕ ಹಾಕುವಾಗ ವಾದಿಗಳ ಪರ ವಕೀಲರು ಆಕೆಯನ್ನೂ ಎಣಿಸಿದರು.

ಹಳೆಯ ಮುಂಬೈ ಪ್ರಾಂತ್ಯಕ್ಕೆ ಸೇರಿದ್ದ ಈ ಜಿಲ್ಲೆಗಳಲ್ಲಿ ಗಂಡ ಮತ್ತು ಮಕ್ಕಳ ನಡುವೆ ವಾಟ್ನಿಯಾದರೆ ಹೆಂಡತಿಗೂ ಮಗನಷ್ಟೇ ಪಾಲು. ಪಕ್ಕದ ಸಾಂಗ್ಲಿಯಿಂದ ಹೋದ ಗುರುಪಾದ ಮಗದುಮ್ ಪ್ರಕರಣದಲ್ಲಿ (1978) ಸುಪ್ರೀಂ ಕೋರ್ಟ್ ಲೆಕ್ಕ ಮಾಡಿದ್ದೂ ಹೀಗೆಯೇ. ತಂದೆ ತೀರಿದ ಗಳಿಗೆಯಲ್ಲಿ ವಾಟ್ನಿ ಆಯಿತೆಂದು ಊಹಿಸಿ: ತಂದೆ, ತಾಯಿ, ನಾಲ್ವರು ಮಕ್ಕಳು, ತಲಾ 1/6. ತಂದೆಯ 1/6 ಉಳಿದ ಐವರಿಗೆ ಹಂಚಿದರೆ ತಲಾ 1/30. 1/6ಕ್ಕೆ 1/30 ಕೂಡಿದರೆ 1/5. ಅಂದರೆ ಐವರಿಗೂ ಸಮ.

ಈ ಲೆಕ್ಕ ಇನ್ನೊಂದು ಜಗಳವನ್ನೂ ನುಂಗಿತು. 1988ರ ಮಡ್ಡಿ ಹೊಲ ಪಿತ್ರಾರ್ಜಿತವೋ ಸ್ವಯಾರ್ಜಿತವೋ ಎಂದು ಎರಡೂ ಕಡೆಯವರು ಸಾಕ್ಷಿ ಸಜ್ಜು ಮಾಡಿಕೊಂಡಿದ್ದರು. ಸ್ವಯಾರ್ಜಿತವಾದರೆ, ಮೃತ್ಯುಪತ್ರವಿಲ್ಲದೆ ತೀರಿದ ತಂದೆಯ ಮೊದಲ ವರ್ಗದ ವಾರಸುದಾರರು ಐವರು, ತಲಾ 1/5. ಪಿತ್ರಾರ್ಜಿತವಾದರೂ 1/5. ಎರಡೂ ಕಡೆ ಒಂದೇ ಫಲವೆಂದಾಗ ಆ ವಾದಾಂಶವನ್ನೇ ಕೈಬಿಟ್ಟರು. ದಾವೆ ಹೂಡುವ ಮುಂಚೆಯೇ ಲೆಕ್ಕ ಹಾಕಿದ್ದರೆ ಹಳೆಯ ಉತಾರಗಳಿಗಾಗಿ ರೆಕಾರ್ಡ್ ರೂಮಿಗೆ ಅಲೆದ ಅರ್ಧ ಅಲೆದಾಟ ಉಳಿಯುತ್ತಿತ್ತು.

ತಾಯಿಗೆ ಇದನ್ನು ತಿಳಿಸಿದ್ದು ತಂಗಿ. ತಾಯಿ ಕೇಳಿದ್ದು ಒಂದೇ ಮಾತು: “ಹಂಗಾರ ನಂದೂ ಒಂದ್ ಪಾಲು ಐತೇನವ್ವಾ ಇದರಾಗ?” ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಅರ್ಜಿ ಹೋಯಿತು. ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆ 1987ರ ಕಲಂ 12ರಂತೆ ಹೆಣ್ಣುಮಕ್ಕಳಿಗೆ ಆದಾಯ ನೋಡದೆ ಉಚಿತ ವಕೀಲರನ್ನು ಕೊಡುತ್ತಾರೆ. ಬೇರೆ ವಕೀಲರು ಬಂದ ಮೇಲೆ ತಾಯಿ ಕೋರ್ಟಿನಲ್ಲಿ ಹೇಳಿದರು: ಆ ಕಾಗದ ಯಾರೂ ಓದಿ ಹೇಳಲಿಲ್ಲ, ಹೆಬ್ಬೆಟ್ಟು ಒತ್ತು ಅಂದರು, ಒತ್ತಿದೆ. 2003ರ ವಾಟ್ನಿಗೆ ಇದ್ದ ಒಬ್ಬಳೇ ಮನೆಯ ಸಾಕ್ಷಿ ಹೀಗೆ ಕಳಚಿತು. 2023ರಲ್ಲಿ ಐವರಿಗೂ 1/5ರಂತೆ ಪ್ರಾಥಮಿಕ ಡಿಕ್ರಿ ಆಯಿತು.

ನಕ್ಷೆಯ ಮೇಲಿನ ಜಗಳ

ಪ್ರಾಥಮಿಕ ಡಿಕ್ರಿ ಪಾಲು ಎಷ್ಟೆಂದು ಹೇಳುತ್ತದೆ, ಎಲ್ಲಿ ಎಂದು ಹೇಳುವುದಿಲ್ಲ. ಅಂತಿಮ ಡಿಕ್ರಿಗೆ ಬೇರೆ ಅರ್ಜಿ ಬರುವವರೆಗೆ ಕಾಯಬೇಡಿ, ಅದೇ ದಾವೆಯನ್ನು ಮುಂದುವರಿಸಿ ಎಂದು ಸುಪ್ರೀಂ ಕೋರ್ಟ್ 2022ರಲ್ಲಿ ಎಲ್ಲ ವಿಚಾರಣಾ ನ್ಯಾಯಾಲಯಗಳಿಗೆ ಹೇಳಿದೆ. ಇಲ್ಲಿ ಅದರಂತೆ ಹೊಲ ಅಳೆದು ಪಾಲು ತೋರಿಸಲು ಸರ್ವೆ ಇಲಾಖೆಯವರನ್ನು ಕೋರ್ಟಿನ ಕಮಿಷನರ್ ಮಾಡಿದರು.

ಐದನೇ ಒಂದು ಎಂದರೆ ನೀರಾವರಿ 2 ಎಕರೆ, ಮಡ್ಡಿ 1 ಎಕರೆ 4 ಗುಂಟೆ. ಅಣ್ಣ ಮಾರಿದ್ದೂ ನೀರಾವರಿ 2 ಎಕರೆಯೇ. ಆ ಮಾರಾಟ 2004ರ ಗೆರೆಯ ಈಚೆಗಿದ್ದದ್ದರಿಂದ ಅದಕ್ಕೆ ರಕ್ಷಣೆ ಇಲ್ಲ, ಆದರೆ ಮಾರಿದವನ ಪಾಲಿನ ಮಟ್ಟಿಗೆ ನಿಲ್ಲುತ್ತದೆ. ಹೀಗಾಗಿ ಖರೀದಿದಾರ ಉಳಿದ, ಅಣ್ಣನ ಕೈಯಲ್ಲಿ ಕಬ್ಬಿನ ಹೊಲ ಒಂದು ಗುಂಟೆಯೂ ಉಳಿಯಲಿಲ್ಲ. ಮೇಲ್ಮನವಿಗೆ ಹೋಗುತ್ತೇನೆ ಎಂದು ಅವನು ಹಟ ಹಿಡಿದದ್ದು ಇದಕ್ಕೆ.

ಹೊಲ ಹೆಚ್ಚುಕಡಿಮೆ ಚೌಕ, ಪ್ರತಿ ಬದಿ 660 ಅಡಿ. ಡಾಂಬರು ರಸ್ತೆ ಮುಟ್ಟುವುದು ಈಶಾನ್ಯ ಮೂಲೆಯನ್ನು ಮಾತ್ರ, ಖರೀದಿದಾರನ ಚೌಕ ತುಂಡು ಅದೇ ಮೂಲೆಯಲ್ಲಿ ಕೂತಿತ್ತು. ಉಳಿದವರಿಗೆ ದಾರಿಯೇ ಇಲ್ಲ. ಕಮಿಷನರ ಮೊದಲ ನಕ್ಷೆ ಅವನನ್ನು ಅಲ್ಲೇ ಬಿಟ್ಟು ಉಳಿದದ್ದನ್ನು ಅಡ್ಡ ತುಂಡುಗಳಾಗಿ ಕೊಯ್ದಿತ್ತು. ನೀರಿನ ವಾಲ್ವುಗಳನ್ನು ದಕ್ಷಿಣದ ಹೊಳಿ ಬದಿಗೆ ತೋರಿಸಿತ್ತು. ಕಾಗದದ ಮೇಲೆ ಚಂದ. ಆದರೆ ಹೊಲದ ಇಳಿಜಾರು ಇರುವುದು ಹೊಳಿ ಕಡೆಗೆ. ಕೆಳಗೆ ಬಿಟ್ಟ ನೀರು ಸಾಲಿನಲ್ಲಿ ಮೇಲೇರುವುದಿಲ್ಲ. ಈ ನಕ್ಷೆಗೆ ಆಕ್ಷೇಪಣೆ ಹಾಕದೆ ಸಹಿ ಮಾಡಿದ್ದರೆ ಡಿಕ್ರಿ ಕೈಗೆ ಬಂದ ಮರುವರ್ಷ ದಾರಿ-ನೀರಿನ ಹೊಸ ದಾವೆ ಹುಟ್ಟುತ್ತಿತ್ತು.

ಆಕ್ಷೇಪಣೆಯ ಜೊತೆ ವಾದಿಗಳು ತಮ್ಮದೇ ನಕ್ಷೆ ಕೊಟ್ಟರು: ಉತ್ತರ-ದಕ್ಷಿಣ ಐದು ಪಟ್ಟಿ, ಅಗಲ 132 ಅಡಿ. ಉತ್ತರ ಬದುವಿನಗುಂಟ 12 ಅಡಿ ದಾರಿ, ಕಬ್ಬಿನ ಟ್ರಾಲಿ ಹೊರಳಲು ಅಷ್ಟು ಬೇಕೇ ಬೇಕು. ಅದಕ್ಕೆ ಹೋಗುವ ಏಳೂಕಾಲು ಗುಂಟೆ ಐವರಿಗೂ ಸಮನಾಗಿ ಕಳೆಯಬೇಕು. ಪೈಪು ಪಶ್ಚಿಮದ ಬದುವಿನಗುಂಟ ಮೇಲೇರಿ ದಾರಿಯ ಅಂಚಿನಲ್ಲಿ ಪ್ರತಿ ಪಟ್ಟಿಯ ತಲೆಗೊಂದು ವಾಲ್ವು.

ಖರೀದಿದಾರ ಮೂಲೆಯ ಚೌಕ ಬಿಟ್ಟು ಪೂರ್ವದ ಪಟ್ಟಿಗೆ ಬರಲು ಒಪ್ಪಿದ. ಅವನಿಗೆ ಬೇಕಾದದ್ದು ಐವರೂ ಸಹಿ ಹಾಕಿದ ನಿರ್ವಿವಾದ ಹಕ್ಕು. ಅದು ಸಿಗುವುದಾದರೆ ಆಕಾರ ಹೇಗಿದ್ದರೇನು. ಅಲ್ಲಿಂದ ಲೋಕ ಅದಾಲತ್ ಹತ್ತಿರವಾಯಿತು.

ರಾಜಿ

2024ರಲ್ಲಿ ಆದ ರಾಜಿಯ ಮುಖ್ಯ ಕರಾರುಗಳು: ಅಕ್ಕ-ತಂಗಿಯರು ಮನೆಯಲ್ಲಿನ ಪಾಲನ್ನೂ, ಹಿಂದಿನ ವರ್ಷಗಳ ಕಬ್ಬಿನ ಉತ್ಪನ್ನದ ಲೆಕ್ಕವನ್ನೂ ಬಿಟ್ಟರು. ಅದಕ್ಕೆ ಪ್ರತಿಯಾಗಿ ಹೊಸ ಪೈಪು, ವಾಲ್ವುಗಳ ಖರ್ಚು ಅಣ್ಣ-ತಮ್ಮಂದಿರದು. ಸೊಸೈಟಿ ಸಾಲ ತಮ್ಮನ ಪಾಲಿನ ಮೇಲೆ ಮಾತ್ರ. ಮಗನ ಹೆಸರಿನ ದಾನಪತ್ರ ತಮ್ಮನ ಪಟ್ಟಿಯೊಳಗೇ ಹೊಂದಿಸಿಕೊಳ್ಳತಕ್ಕದ್ದು. ನಿಂತ ಕಬ್ಬು ಬೆಳೆದವರದು, ಕಡಿದ ಮೇಲೆ ಬರುವ ಕುಳೆ ಹೊಸ ಪಾಲುದಾರರದು. ನೀರಿಗೆ ಐದು ದಿನದ ಪಾಳಿ. ಪಾಳಿಯ ದಿನ ಕರೆಂಟು ಕೈಕೊಟ್ಟರೆ ಮರುದಿನವೂ ಅವರದೇ. ಮೋಟಾರು ಸುಟ್ಟರೆ ತಲಾ ಐದನೇ ಒಂದು.

ಅಣ್ಣನನ್ನು ಒಪ್ಪಿಸಿದ್ದು ತಾಯಿ. ತನ್ನ ಪಶ್ಚಿಮದ ಪಟ್ಟಿಯನ್ನು ಅವನೇ ಉಳಲಿ ಎಂದಳು. ಕರಡಿನಲ್ಲಿ ‘ಲಾವಣಿಯಿಂದ’ (ಗೇಣಿಯಿಂದ) ಎಂದು ಬರೆದಿದ್ದರು, ತಾಯಿಯ ವಕೀಲರು ಅದನ್ನು ಹೊಡೆದುಹಾಕಿದರು. ಕರ್ನಾಟಕ ಭೂಸುಧಾರಣಾ ಕಾಯ್ದೆ 1961ರ ಕಲಂ 5ರಂತೆ ಸಾಗುವಳಿ ಜಮೀನು ಗೇಣಿಗೆ ಕೊಡುವುದು ನಿಷಿದ್ಧ, ಅದನ್ನು ಕೋರ್ಟಿನ ಕಾಗದದಲ್ಲೇ ಬರೆಯುವುದು ಕೈಯಾರೆ ತೊಂದರೆ ತಂದುಕೊಂಡಂತೆ. ‘ತಾಯಿ ತನ್ನ ಪಾಲನ್ನು ಮಗನ ನೆರವಿನಿಂದ ಸಾಗುವಳಿ ಮಾಡತಕ್ಕದ್ದು’ ಎಂದಾಯಿತು. ‘ತಾಯಿಯ ನಂತರ ಅಣ್ಣನಿಗೆ’ ಎಂಬ ಸಾಲನ್ನೂ ತೆಗೆದುಹಾಕಿದರು. ಆಕೆಯ ಪಾಲು ಪೂರ್ಣ ಮಾಲ್ಕಿಯದು, ಬೇಕಾದರೆ ಮೃತ್ಯುಪತ್ರ ಬರೆಯಲಿ.

ಡಿಕ್ರಿಯ ನಂತರ

ಲೋಕ ಅದಾಲತ್ತಿನ ಆದೇಶಕ್ಕೆ ಮೇಲ್ಮನವಿ ಇಲ್ಲ. ಹಾಗಂತ ಕೆಲಸ ಮುಗಿಯುವುದೂ ಇಲ್ಲ. ವಾಟ್ನಿಯ ಅಂತಿಮ ಡಿಕ್ರಿಯನ್ನು ಮುದ್ರಾಂಕ ಕಾಗದದ ಮೇಲೆ ಇಳಿಸಬೇಕು. ಕಾಗದ ತಂದುಕೊಡದೆ ವರ್ಷಗಟ್ಟಲೆ ಕೋರ್ಟಿನಲ್ಲೇ ಉಳಿದ ಡಿಕ್ರಿಗಳು ಎಷ್ಟೋ. ಮನೆ ತಿದ್ದುಪಡಿಯಿಂದ ದಾವೆಯೊಳಗೆ ಬಂದಿದ್ದರಿಂದ ಅದರ ಹಕ್ಕು ಬಿಟ್ಟದ್ದಕ್ಕೆ ಬೇರೆ ನೋಂದಣಿ ಬೇಕಾಗಲಿಲ್ಲ. ದಾವೆಯ ಹೊರಗಿನ ಆಸ್ತಿಯನ್ನು ರಾಜಿಯಲ್ಲಿ ಸೇರಿಸಿದರೆ ನೋಂದಣಿ ತಪ್ಪದು. ಖರೀದಿದಾರನ ವಕೀಲರು ಇಷ್ಟಕ್ಕೇ ಬಿಡದೆ ಹೊಸ ಚಕ್ಕುಬಂದಿಯ (ಎಲ್ಲೆಗಳ) ತಿದ್ದುಪಡಿ ಪತ್ರವನ್ನೂ ರಿಜಿಸ್ಟರ್ ಮಾಡಿಸಿದರು. ಮುಂದೆ ಋಣಭಾರ ಪತ್ರ ತೆಗೆದವರಿಗೆ ಹಳೆಯ ಮೂಲೆಯ ಚೌಕವೇ ಕಾಣಬಾರದಲ್ಲ.

ಆಮೇಲೆ ಅಳತೆ, ಪೋಡಿ (ಸರ್ವೆ ನಂಬರು ಒಡೆಯುವುದು), ಐದು ಹಿಸ್ಸಾ (ಉಪ ನಂಬರು), ಐದು ಉತಾರ. ಹಿಸ್ಸಾ ನಕ್ಷೆಯಲ್ಲಿ ದಾರಿಯ 12 ಅಡಿ ಬಿಟ್ಟುಹೋಗಿತ್ತು, ತಿದ್ದಿಸಲು ಮತ್ತೊಂದು ಅರ್ಜಿ ಹಾಕಬೇಕಾಯಿತು. ಹೊಳಿ ದಂಡೆಯ ಮೋಟಾರಿನ ಹೆಸ್ಕಾಂ ಮೀಟರು ಇನ್ನೂ ತಂದೆಯ ಹೆಸರಿನಲ್ಲೇ ಇದೆ. ಒಬ್ಬರ ಹೆಸರಿಗೆ ಮಾಡಿದರೆ ನಾಳೆ ಪಾಳಿ ತಪ್ಪಿಸಬಹುದೆಂಬ ಅನುಮಾನ ಐವರಿಗೂ ಇದೆ, ಅದಕ್ಕೇ ತಾಯಿಯ ಹೆಸರಿಗೆ ಮಾಡಿಸುವ ಒಪ್ಪಿಗೆ ಪತ್ರಕ್ಕೆ ಈಗ ಸಹಿ ನಡೆದಿದೆ.